ಏನಂದ್ರಿ ಮಾಮನ ಅಂಗೈ

ಮನೆಯವರು ಇಟ್ಟ ಹೆಸರೊಂದು ಅವರಿಗೂ ಇತ್ತು. ಆದರೆ ಯಾರು ಏನು ಹೇಳಿದರೂ ಕತ್ತು ಮುಂದೆ ಚಾಚಿ, ಹುಬ್ಬೇರಿಸಿ, “ಏನಂದ್ರಿ?” ಎಂದು ಒಂದು ಸಲ ಕೇಳದೆ ಅವರ ಜೊತೆ ಮಾತು ಮುಂದೆ ಹೋಗುತ್ತಿರಲಿಲ್ಲ. ಕ್ರಮೇಣ ಜನ ಆ ಇಟ್ಟ ಹೆಸರನ್ನು ಮರೆತೇಬಿಟ್ಟರು. ಬೀದಿಗೆಲ್ಲ ಅವರು ಏನಂದ್ರಿ ಮಾಮ.

ಹನ್ನೊಂದು ವರ್ಷದವರಿದ್ದಾಗ ಒಂದು ಜ್ವರ ಬಂತು. ಹದಿನೇಳು ದಿನ ಮೈ ಕೆಂಡವಾಗಿತ್ತು. ಹೋಗುವಾಗ ಆ ಜ್ವರ ಎರಡು ಕಿವಿಯನ್ನೂ ಜೊತೆಗೆ ಕರೆದುಕೊಂಡು ಹೋಯಿತು. ಮಾತು ಮಾತ್ರ ಉಳಿಯಿತು, ಅದೂ ಹನ್ನೊಂದು ವರ್ಷದ ಹುಡುಗನ ಮಾತು; ಮುಂದೆ ದನಿ ಒಡೆದು ಗಡಸಾದರೂ ರಾಗ ಹಾಗೇ ಇತ್ತು. ಎದುರಿಗಿದ್ದವರ ತುಟಿ ನೋಡಿ ಅರ್ಧ ಓದುತ್ತಿದ್ದರು, ಉಳಿದರ್ಧ ಊಹಿಸುತ್ತಿದ್ದರು. ಆ ಊಹೆ ಎಷ್ಟೋ ಸಲ ಎದುರಿಗಿನವರು ಹೇಳಿದ್ದಕ್ಕಿಂತ ಚೆನ್ನಾಗಿರುತ್ತಿತ್ತು.

ಹದಿನಾರಕ್ಕೆ ಹಿಟ್ಟಿನ ಗಿರಣಿಗೆ ಸೇರಿದರು. ಅಲ್ಲಿ ಯಂತ್ರದ ಆರ್ಭಟದಲ್ಲಿ ಯಾರ ಮಾತೂ ಯಾರಿಗೂ ಕೇಳುತ್ತಿರಲಿಲ್ಲ. ಎಲ್ಲರದೂ ಕೈಸನ್ನೆಯಲ್ಲೇ ಸಂಸಾರ. “ಆ ಎಂಟು ವರ್ಷ ಊರಿಗೆ ಊರೇ ನನ್ನ ಥರ ಇತ್ತು” ಎಂದು ಮಾಮ ಆಮೇಲೆ ನಗುತ್ತಿದ್ದರು. ಅಲ್ಲೇ ಅವರ ಅಂಗೈ ಪಳಗಿದ್ದು. ಬೀಸುವ ಕಲ್ಲು ಸವೆದಿದೆಯೋ, ಧಾನ್ಯದಲ್ಲಿ ಹರಳು ಸೇರಿದೆಯೋ ಎಂಬುದು ಯಂತ್ರದ ಮೈಮೇಲೆ ಕೈಯಿಟ್ಟರೆ ಅವರಿಗೆ ತಿಳಿಯುತ್ತಿತ್ತು. ಗಿರಣಿಯ ಯಜಮಾನ ಅದನ್ನೊಂದು ದೊಡ್ಡ ವಿದ್ಯೆ ಎಂದುಕೊಳ್ಳಲಿಲ್ಲ. ಮಾಮನೂ ಎಂದುಕೊಳ್ಳಲಿಲ್ಲ.

ಅದೇ ಬೀದಿಯ ಕೊನೆಯಲ್ಲಿತ್ತು ಸದ್ದಿನ ದಫ್ತರ. ಹೊರಗಿನಿಂದ ನೋಡಿದರೆ ಮೂರು ಮಹಡಿಯ ಮಾಮೂಲಿ ಕಟ್ಟಡ: ಬಣ್ಣ ಎದ್ದ ಕಿಟಕಿಗಳು, ಸೈಕಲ್ ನಿಲ್ಲಿಸಲು ತಗಡಿನ ಚಪ್ಪರ, ಬಾಗಿಲಲ್ಲಿ ಸದಾ ಆಕಳಿಸುವ ಕಾವಲುಗಾರ. ಒಳಗೊಂದು ಲಿಫ್ಟು. ಅದರಲ್ಲಿ ಅಂಕಿಗಳು ಮೂರೇ ಇದ್ದರೂ ಪ್ರತಿದಿನ ಬೆಳಿಗ್ಗೆ ಅದು ಮೂರನೆಯ ಮಹಡಿಗಿಂತ ಮೇಲಿನಿಂದ ಇಳಿದು ಬರುತ್ತಿತ್ತು. ಮೂರನೆಯ ಮಹಡಿಯ ಮೇಲೆ ಇದ್ದದ್ದು ನೀರಿನ ಟ್ಯಾಂಕು, ಅದರ ಮೇಲೆ ಆಕಾಶ. ಲಿಫ್ಟು ಎಲ್ಲಿಂದ ಬರುತ್ತದೆ ಎಂದು ಹೊಸಬರು ಒಂದು ವಾರ ಕೇಳುತ್ತಿದ್ದರು. ಆಮೇಲೆ ಸಂಬಳದ ದಿನ ಯಾವುದು ಎಂದು ಕೇಳತೊಡಗುತ್ತಿದ್ದರು.

ಲಿಫ್ಟಿನಲ್ಲಿ ಬರುತ್ತಿದ್ದುದು ಮರದ ಪುಟ್ಟ ಪೆಟ್ಟಿಗೆಗಳು. ಊರಿನಲ್ಲಿ ಯಾರಾದರೂ ತೀರಿಕೊಂಡರೆ, ಅವರು ಬದುಕಿನುದ್ದಕ್ಕೂ ಎದೆಯಲ್ಲಿ ಇಟ್ಟುಕೊಂಡಿದ್ದ ಸದ್ದು ಪೆಟ್ಟಿಗೆಯಾಗಿ ಇಳಿದು ಬರುತ್ತಿತ್ತು. ಒಬ್ಬೊಬ್ಬರದು ಒಂದೇ, ಕೆಲವರದು ಎರಡು ಮೂರು. ಮುಚ್ಚಳ ತೆರೆದರೆ ಸದ್ದು ಕೇಳುತ್ತಿತ್ತು. ಜೊತೆಗೆ ಅದರ ನೆನಪೂ ಬರುತ್ತಿತ್ತು: ಆ ಕೋಣೆ, ಆ ಬೆಳಕು, ಅಲ್ಲಿದ್ದವರ ಮುಖ, ಎಲ್ಲವೂ ತೀರಿಕೊಂಡವರು ಕಂಡ ಹಾಗೆಯೇ. ಒಂದು ಪೆಟ್ಟಿಗೆಯನ್ನು ಏಳು ಸಲ ತೆರೆಯಬಹುದಿತ್ತು, ಅಷ್ಟೇ. ಮೊದಲ ಸಲ ಕೇಳುವ ವಿಭಾಗದ ಗುಮಾಸ್ತರು ತೆರೆದು, ಕೇಳಿ, ಚೀಟಿ ಬರೆದು ಅಂಟಿಸಿ, ದೊಡ್ಡ ಪುಸ್ತಕದಲ್ಲಿ ಯಾರದು, ಏನು ಎಂದು ನಮೂದಿಸುತ್ತಿದ್ದರು. ಉಳಿದ ಆರು ಸಲ ಮನೆಯವರಿಗೆ, ಅವರು ದಫ್ತರಕ್ಕೇ ಬಂದು ತೆರೆದು ಕೇಳುತ್ತಿದ್ದರು.

ತೊಂದರೆ ಇದ್ದದ್ದು ಪೆಟ್ಟಿಗೆ ಸಾಗಿಸುವವನಿಗೆ. ತಳ್ಳುಗಾಡಿ ಕುಲುಕಿದಾಗ ಮುಚ್ಚಳ ಕೂದಲೆಳೆಯಷ್ಟು ಸರಿದು ಸದ್ದು ಸೋರುತ್ತಿತ್ತು. ದಿನವಿಡೀ ಅದನ್ನು ಕೇಳಿದವನ ತಲೆಯಲ್ಲಿ ಪರರ ನೆನಪು ತುಂಬಿಕೊಳ್ಳುತ್ತಿತ್ತು. ಒಬ್ಬ ತನ್ನದಲ್ಲದ ಅತ್ತೆಯನ್ನು ನೆನೆದು ಮೂರು ದಿನ ಅತ್ತ. ಇನ್ನೊಬ್ಬ ಸಂಜೆ ಮನೆಗೆ ಹೋಗುವ ಬದಲು ಗುರುತಿಲ್ಲದ ಯಾರದೋ ಮನೆಯ ಜಗುಲಿಯಲ್ಲಿ ಚಪ್ಪಲಿ ಬಿಟ್ಟು ಒಳಗೆ ನಡೆದ. ಮೂರನೆಯವನು ದಫ್ತರದ ಮುಖ್ಯಸ್ಥೆಯನ್ನು, ಎಲ್ಲರೂ ಹೆದರುತ್ತಿದ್ದ ದೊಡ್ಡ ಮೇಡಂ ಅವರನ್ನು, ತಲೆ ಸವರಿ “ಪುಟ್ಟೀ, ಹಾಲು ಕುಡಿದ್ಯಾ?” ಎಂದು ಕೇಳಿದ. ಮಾರನೆಯ ದಿನವೇ ದೊಡ್ಡ ಮೇಡಂ ಗಿರಣಿಗೆ ಬಂದು ಯಜಮಾನನ ಕಿವಿಯಲ್ಲಿ ಕೂಗಿದರು: “ನಿಮ್ಮಲ್ಲಿ ಕಿವಿ ಕೇಳದೋನು ಒಬ್ಬ ಇದ್ದಾನಂತಲ್ಲ, ಅವನು ನನಗೆ ಬೇಕು.”

ಹೀಗೆ ಇಪ್ಪತ್ತನಾಲ್ಕನೆಯ ವಯಸ್ಸಿಗೆ ಮಾಮ ದಫ್ತರದ ಹಮಾಲಿಯಾದರು. ನೇಮಕದ ಪತ್ರದಲ್ಲಿ ಒಂದು ಸಾಲಿತ್ತು: ‘ಪೆಟ್ಟಿಗೆಯೊಳಗಿನ ಸದ್ದು ಈ ನೌಕರನಿಗೆ ಯಾವ ರೀತಿಯಲ್ಲೂ ತಿಳಿಯಕೂಡದು.’ ಮಾಮ ಅದಕ್ಕೆ ಸಹಿ ಹಾಕಿದರು. ಹಾಕುವಾಗ ಸುಳ್ಳೇನೂ ಇರಲಿಲ್ಲ.

ಎರಡನೆಯ ವರ್ಷದಲ್ಲಿ ಅವರಿಗೆ ಮದುವೆಯಾಯಿತು. ಹೆಂಡತಿ ಅದೇ ದಫ್ತರದ ಕೇಳುವ ವಿಭಾಗದ ಗುಮಾಸ್ತೆ. ಆಕೆಯ ಕಿವಿ ಎಷ್ಟು ಚುರುಕೆಂದರೆ ಮೆಟ್ಟಿಲು ಹತ್ತುವ ಸದ್ದಿನಲ್ಲೇ ಬರುತ್ತಿರುವವರು ಯಾರು, ಯಾವ ಮನಸ್ಥಿತಿಯಲ್ಲಿದ್ದಾರೆ ಎಂದು ಹೇಳುತ್ತಿದ್ದಳು. ದಿನವಿಡೀ ಸತ್ತವರ ಸದ್ದು ಕೇಳಿ ತಲೆ ಗವ್ವೆನ್ನುತ್ತಿದ್ದ ಆಕೆ, ಮನೆಯಲ್ಲಾದರೂ ಸದ್ದಿಲ್ಲದೆ ಇರಬಹುದು ಎಂದೇ ಈ ಗಂಡನ್ನು ಒಪ್ಪಿದ್ದು. ಮದುವೆಯಾದ ಮೇಲೆ ಗೊತ್ತಾಯಿತು, ಕಿವಿ ಕೇಳದವರಷ್ಟು ಸದ್ದು ಮಾಡುವವರು ಲೋಕದಲ್ಲಿ ಇನ್ನೊಬ್ಬರಿಲ್ಲ ಎಂದು. ಮಾಮ ಬಾಗಿಲು ಹಾಕಿದರೆ ಗೋಡೆಯ ಸುಣ್ಣ ಉದುರುತ್ತಿತ್ತು. ಪಾತ್ರೆ ಇಟ್ಟರೆ ಪಕ್ಕದ ಮನೆಯ ಮಗು ಬೆಚ್ಚಿ ಏಳುತ್ತಿತ್ತು. ಇನ್ನು ಗೊರಕೆಯ ಮಾತು ಬೇಡ.

“ಮೋಸ ಹೋದೆ” ಎಂದು ಆಕೆ ಗೆಳತಿಯರ ಹತ್ತಿರ ಹೇಳಿಕೊಳ್ಳುತ್ತಿದ್ದಳು. ಹೇಳುವಾಗ ಮುಖವೇನೂ ಊದಿರುತ್ತಿರಲಿಲ್ಲ. “ಎಲ್ಲರ ಮನೇಲೂ ಹೆಂಡ್ತಿ ‘ರೀ, ರೀ’ ಅಂತ ಹತ್ತು ಸಲ ಕರೆದ್ರೂ ಗಂಡ ಕೇಳದ ಹಾಗೆ ಕೂತಿರ್ತಾನೆ. ನಮ್ಮನೇಲಿ ಅಂಥ ನಾಟಕ ಇಲ್ಲ ನೋಡು.” ಗಂಡನನ್ನು ಕರೆಯಬೇಕಾದರೆ ಆಕೆ ಹಿಮ್ಮಡಿಯಿಂದ ನೆಲ ಕುಟ್ಟುತ್ತಿದ್ದಳು. ಒಂದು ಕುಟ್ಟು ಎಂದರೆ ಬನ್ನಿ, ಎರಡು ಎಂದರೆ ಊಟ, ಮೂರು ಎಂದರೆ ಏನೋ ತಪ್ಪು ಮಾಡಿದ್ದೀರಿ, ಆದರೂ ಬನ್ನಿ.

ಅವರಿಗೆ ಒಬ್ಬಳು ಮಗಳು. ಮಾತು ಕಲಿತ ದಿನದಿಂದ ಬಾಯಿಗೆ ಬಿಡುವಿಲ್ಲ. ಅಪ್ಪನ ಗಲ್ಲ ಹಿಡಿದು ತನ್ನ ಕಡೆ ತಿರುಗಿಸಿಕೊಂಡೇ ಮಾತಾಡುತ್ತಿದ್ದಳು. ಮಾಮ ಬೇಕೆಂದೇ ಬೇರೆ ಕಡೆ ನೋಡಿ ಆಟವಾಡಿಸಿದರೆ, ಅವರ ಬೆನ್ನಿಗೆ ಬಾಯಿಟ್ಟು ಕೂಗುತ್ತಿದ್ದಳು. ಕೂಗು ಬೆನ್ನೆಲುಬಿಗೆ ತಾಗಿ ಕಚಗುಳಿಯಾಗುತ್ತಿತ್ತು.

ದಫ್ತರಕ್ಕೆ ಸೇರಿ ನಾಲ್ಕೈದು ವರ್ಷವಾದಾಗ ಮಾಮನಿಗೆ ಒಂದು ವಿಷಯ ತಿಳಿಯಿತು. ಪೆಟ್ಟಿಗೆ ಕೈಯಲ್ಲಿದ್ದರೆ ಅದು ಸಣ್ಣಗೆ ನಡುಗುತ್ತದೆ. ಒಂದೊಂದರ ನಡುಕ ಒಂದೊಂದು ಥರ. ಒಂದು ಅಂಗೈ ಮೇಲೆ ಇರುವೆ ಹರಿದ ಹಾಗೆ, ಒಂದು ಕೋಳಿಮರಿಯನ್ನು ಹಿಡಿದ ಹಾಗೆ, ಇನ್ನೊಂದು ಹಾಲು ಉಕ್ಕುವ ಮುಂಚೆ ಪಾತ್ರೆ ಗುಳುಗುಳಿಸುವ ಹಾಗೆ. ನೆನಪಿನ ಚಿತ್ರ ಬರುತ್ತಿರಲಿಲ್ಲ, ನಡುಕ ಮಾತ್ರ. ಮೊದಲು ಊಹಿಸುವುದು, ಆಮೇಲೆ ಚೀಟಿ ನೋಡುವುದು, ಹೀಗೆ ತಮ್ಮೊಳಗೇ ಒಂದು ಆಟ ಶುರುಮಾಡಿದರು. ಮೊದಮೊದಲು ಹತ್ತಕ್ಕೆ ಎರಡು ಸರಿಯಾಗುತ್ತಿತ್ತು. ಹತ್ತು ವರ್ಷ ಕಳೆಯುವಷ್ಟರಲ್ಲಿ ತಪ್ಪುವುದೇ ಅಪರೂಪವಾಯಿತು.

ಹೆಂಡತಿಗೆ ಹೇಳಿದರು. ಆಕೆ ನಂಬದೆ, ಮಾರನೆಯ ದಿನ ಊಟದ ವಿರಾಮದಲ್ಲಿ ಮೂರು ಪೆಟ್ಟಿಗೆಯ ಚೀಟಿ ಮುಚ್ಚಿ ಕೈಗಿಟ್ಟಳು. ಮಾಮ ಮೂರನ್ನೂ ಹೇಳಿದರು. ಆಕೆ ಸುತ್ತ ನೋಡಿ, ತುಟಿಯನ್ನಷ್ಟೇ ಆಡಿಸಿ ಹೇಳಿದಳು: “ಇದನ್ನ ಯಾರ ಹತ್ರನೂ ಬಾಯಿ ಬಿಡಬೇಡಿ. ನೇಮಕದ ಪತ್ರ ನೆನಪಿದೆ ತಾನೆ?”

ನೆನಪಿತ್ತು. ಯಾವ ರೀತಿಯಲ್ಲೂ ತಿಳಿಯಕೂಡದು. ಕಿವಿ ಕೇಳದವನು ಎಂದು ಕೆಲಸ ಕೊಟ್ಟಿದ್ದಾರೆ. ಅಂಗೈಗೆ ಕೇಳುತ್ತದೆ ಎಂದು ಗೊತ್ತಾದರೆ ಕೆಲಸ ಹೋದಂತೆಯೇ. ಮಾಮ ಗುಟ್ಟು ಬಿಟ್ಟುಕೊಡಲಿಲ್ಲ. ಕೈಯಲ್ಲಿ ಯಾರದೋ ನಗು ಕುಣಿಯುತ್ತಿದ್ದರೂ ಮುಖ ಗಂಟುಹಾಕಿಕೊಂಡು ಗಾಡಿ ತಳ್ಳುವುದನ್ನು ಅಭ್ಯಾಸ ಮಾಡಿಕೊಂಡರು. ಹಾಗೆ ಹನ್ನೆರಡು ವರ್ಷ ನಡೆಯಿತು.

ಅವರ ಕೆಲಸಕ್ಕೆ ಇಪ್ಪತ್ತೆರಡು ವರ್ಷ ತುಂಬಿದ ವರ್ಷ, ಒಂದು ಭಾನುವಾರ ಯಾರೂ ಇಲ್ಲದಾಗ ಮೇಲಿನ ಟ್ಯಾಂಕಿನ ಕೊಳವೆ ಒಡೆಯಿತು. ಸೋಮವಾರ ಬೆಳಿಗ್ಗೆ ಬಾಗಿಲು ತೆಗೆದರೆ ಹಳೆಯ ಪೆಟ್ಟಿಗೆಗಳನ್ನಿಟ್ಟಿದ್ದ ಮೂರನೆಯ ಕೋಣೆಯಲ್ಲಿ ಮೊಣಕಾಲುದ್ದ ನೀರು. ಕಪಾಟುಗಳು ಮಗುಚಿಬಿದ್ದಿದ್ದವು. ಮೂರು ಸಾವಿರದ ಎಂಟುನೂರು ಪೆಟ್ಟಿಗೆಗಳು ಬಾತುಗಳ ಹಾಗೆ ತೇಲುತ್ತಿದ್ದವು. ಮರ ಹಾಳಾಗಿರಲಿಲ್ಲ, ಒಳಗಿನ ಸದ್ದೂ ಕೆಟ್ಟಿರಲಿಲ್ಲ. ಆದರೆ ಚೀಟಿಗಳೆಲ್ಲ ಕಿತ್ತು ನೀರಿನಲ್ಲಿ ಮುದ್ದೆಯಾಗಿದ್ದವು. ಬೇರೆ ಕೋಣೆಯಲ್ಲಿದ್ದ ದೊಡ್ಡ ಪುಸ್ತಕ ಉಳಿದಿತ್ತು. ಯಾರ ಪೆಟ್ಟಿಗೆಯಲ್ಲಿ ಯಾವ ಸದ್ದಿದೆ ಎಂದು ಅದು ಹೇಳುತ್ತಿತ್ತು. ಯಾವ ಪೆಟ್ಟಿಗೆ ಯಾರದು ಎಂದು ಹೇಳುವವರು ಯಾರೂ ಇರಲಿಲ್ಲ.

ತೆರೆದು ಕೇಳೋಣವೆಂದರೆ ಮೂರನೆಯ ಕೋಣೆಯವೆಲ್ಲ ಹಳೆಯ ಪೆಟ್ಟಿಗೆಗಳು. ಹೆಚ್ಚಿನವನ್ನು ಆರು ಸಲ ತೆರೆದು ಆಗಿತ್ತು. ಏಳನೆಯ ಸಲ ಗುಮಾಸ್ತರು ತೆರೆದರೆ ಮನೆಯವರಿಗೆ ಖಾಲಿ ಮರ ಉಳಿಯುತ್ತಿತ್ತು. ದೊಡ್ಡ ಮೇಡಂ ತಲೆಯ ಮೇಲೆ ಕೈಹೊತ್ತು ಕೂತರು. ಆಮೇಲೆ ಕಾಗದ ಬರೆದು ಲಿಫ್ಟಿನಲ್ಲಿಟ್ಟು ಮೇಲಕ್ಕೆ ಕಳಿಸಿದರು. ಮೇಲಿನವರನ್ನು ಯಾರೂ ಕಂಡಿರಲಿಲ್ಲ. ಕಾಗದ ಹಾಕಿದರೆ ಮೂರನೆಯ ದಿನ ಉತ್ತರ ಬರುತ್ತಿತ್ತು, ಯಾವಾಗಲೂ ಎರಡೇ ಸಾಲು. ಈ ಸಲ ಬಂದದ್ದು: ‘ಗುರುತಿಲ್ಲದ ಪೆಟ್ಟಿಗೆಗಳನ್ನು ಇಟ್ಟುಕೊಳ್ಳುವಂತಿಲ್ಲ. ಹತ್ತು ದಿನದೊಳಗೆ ಒಣಗಿಸಿ ಮೇಲಕ್ಕೆ ಕಳಿಸಿ.’

ಮೇಲಕ್ಕೆ ಹೋದದ್ದು ಯಾವತ್ತೂ ಹಿಂದಿರುಗಿರಲಿಲ್ಲ.

ಸುದ್ದಿ ಹಬ್ಬಿ ಜನ ಬಂದರು. ಕೆಲವರು ಕೂಗಾಡಿದರು, ಕೆಲವರು ಬಾಗಿಲ ಬಳಿ ಅತ್ತು ಹೋದರು. ಒಬ್ಬಾಕೆ ಮಾತ್ರ ಕೂಗಾಡಲಿಲ್ಲ, ಹೋಗಲೂ ಇಲ್ಲ. ಆಕೆ ಪೇಟೆಯಲ್ಲಿ ಗುಂಡಿ ಅಂಗಡಿ ಇಟ್ಟುಕೊಂಡಿದ್ದವಳು. ಅಂಗಿಗೆ, ಕೋಟಿಗೆ, ಲಂಗಕ್ಕೆ ಹೊಲಿಯುವ ಬಗೆಬಗೆಯ ಗುಂಡಿಗಳ ಅಂಗಡಿ. ತಾಯಿ ಇಲ್ಲದ ಆಕೆಯನ್ನು ಸಾಕಿ ಬೆಳೆಸಿದ್ದು ಅಕ್ಕ. ಅಕ್ಕ ತೀರಿಹೋಗಿ ಇಪ್ಪತ್ತಾರು ವರ್ಷವಾಗಿತ್ತು. ಅಕ್ಕನ ಪೆಟ್ಟಿಗೆಯಲ್ಲಿ ಇನ್ನು ಒಂದೇ ಸಲ ತೆರೆಯುವಷ್ಟು ಉಳಿದಿತ್ತು. ಅದನ್ನು ಖರ್ಚುಮಾಡಲು ಮನಸ್ಸು ಬಾರದೆ, ಪ್ರತಿವರ್ಷ ಅಕ್ಕ ಹೋದ ದಿನ ಬಂದು, ಪೆಟ್ಟಿಗೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಒಂದು ಗಂಟೆ ಕೂತು, ಹಾಗೇ ವಾಪಸು ಕೊಟ್ಟು ಹೋಗುತ್ತಿದ್ದಳು. ಪ್ರತಿ ಸಲ ಅದನ್ನು ತಂದುಕೊಡುತ್ತಿದ್ದುದು ಮಾಮನೇ.

“ಮನೆಗೆ ಹೋಗಮ್ಮ” ಎಂದರು ದೊಡ್ಡ ಮೇಡಂ. “ಇಲ್ಲಿ ಕೂತು ಏನೂ ಆಗಲ್ಲ.”

“ಅಂಗಡಿ ಬಾಗಿಲು ಹಾಕಿ ಬಂದಿದ್ದೀನಿ. ಒಂದು ಸ್ಟೂಲು ಕೊಟ್ರೆ ಸಾಕು” ಎಂದಳು ಆಕೆ.

ಮಾಮ ಸ್ಟೂಲು ತಂದುಕೊಟ್ಟರು. ಆಕೆ ಮಾರನೆಯ ದಿನವೂ ಬಂದು ಕೂತಳು. ಅದರ ಮಾರನೆಯ ದಿನವೂ. ಮಾಮ ನೀರು ಹೊರಹಾಕುತ್ತ, ಪೆಟ್ಟಿಗೆಗಳನ್ನು ಒರೆಸಿ ಬಿಸಿಲಿಗೆ ಹರವುತ್ತ, ದಿನಕ್ಕೆ ನಲವತ್ತು ಸಲ ಆ ಸ್ಟೂಲಿನ ಮುಂದೆ ಹಾದುಹೋಗಬೇಕಿತ್ತು. ಪ್ರತಿ ಸಲ ಆಕೆ ಕಾಲು ಹಿಂದೆಳೆದು ದಾರಿ ಬಿಡುತ್ತಿದ್ದಳು. ಬೇರೇನೂ ಕೇಳುತ್ತಿರಲಿಲ್ಲ.

ಮೂರನೆಯ ದಿನ ಮಧ್ಯಾಹ್ನ ಮಾಮ ಊಟದ ಡಬ್ಬಿ ಬಿಚ್ಚಿದವರು ಕೈ ಹಾಕದೆ ಕೂತರು. ಹೆಂಡತಿ ನೋಡಿದಳು.

“ಆ ಪೆಟ್ಟಿಗೆ ನಿಮ್ಮ ಕೈಗೆ ಗೊತ್ತಿದೆ” ಎಂದಳು.

“ಗೊತ್ತಿದೆ.”

“ಹೇಳಿದ್ರೆ ಕೆಲಸ ಹೋಗುತ್ತೆ.”

“ಹೂಂ.”

ಆಕೆ ಡಬ್ಬಿಯನ್ನು ಅವರ ಕಡೆ ತಳ್ಳಿ, “ಊಟ ಮಾಡಿ ಹೋಗಿ. ಖಾಲಿ ಹೊಟ್ಟೇಲಿ ಹುಡುಕ್ಬೇಡಿ” ಎಂದಳು. ಅಷ್ಟೇ. ಹೋಗಿ ಎಂದೂ ಹೇಳಲಿಲ್ಲ, ಬೇಡ ಎಂದೂ ಹೇಳಲಿಲ್ಲ ಎಂದು ಆಕೆ ಮುಂದೆ ವಾದಿಸುತ್ತಿದ್ದುದುಂಟು. ಮಾಮನ ಪ್ರಕಾರ ಆಕೆ ಸ್ಪಷ್ಟವಾಗಿ ಹೋಗಿ ಎಂದೇ ಹೇಳಿದ್ದಳು.

ಒರೆಸುವ ನೆಪದಲ್ಲಿ ಮಾಮ ಒಂದೊಂದೇ ಪೆಟ್ಟಿಗೆಯನ್ನು ಎರಡು ಅಂಗೈ ನಡುವೆ ಹಿಡಿಯತೊಡಗಿದರು. ಆ ಮಧ್ಯಾಹ್ನವಿಡೀ, ಮಾರನೆಯ ದಿನವಿಡೀ. ಕೈ ಜೋಮು ಹಿಡಿಯಿತು. ಆಗಾಗ ಬಿಸಿನೀರಿನಲ್ಲಿ ಅದ್ದಿ ಮತ್ತೆ ಕೂತರು. ಸಂಜೆ ನಾಲ್ಕರ ಹೊತ್ತಿಗೆ, ಕಿಟಕಿಯ ಕೆಳಗೆ ಒಣಗಲು ಇಟ್ಟ ಸಾಲಿನಲ್ಲಿ ಅದು ಸಿಕ್ಕಿತು. ಸಿಕ್ಕಿದರೂ ಎರಡು ಸಲ ಕೆಳಗಿಟ್ಟು, ಅಂಗೈ ಪ್ಯಾಂಟಿಗೆ ಒರೆಸಿಕೊಂಡು ಮತ್ತೆ ಹಿಡಿದು ನೋಡಿದರು. ಆಮೇಲೆ ಹೊರಗೆ ಬಂದು ಅಂಗಡಿಯಾಕೆಯ ತೊಡೆಯ ಮೇಲೆ ಇಟ್ಟರು.

ಆಕೆ ಪೆಟ್ಟಿಗೆಯನ್ನೂ ಮಾಮನನ್ನೂ ನೋಡಿದಳು. ಎಲ್ಲ ಪೆಟ್ಟಿಗೆಯೂ ನೋಡಲು ಒಂದೇ.

“ಇದೇ ಅಂತ ಹೇಗೆ ಹೇಳ್ತೀರಿ ಅಣ್ಣಾ?”

“ಏನಂದ್ರಿ?”

ಆಕೆ ನಿಧಾನವಾಗಿ ಮತ್ತೆ ಕೇಳಿದಳು. ಮಾಮ ಹೇಳಿದರು: “ಗುಂಡಿಗಳು ಡಬ್ಬಿಗೆ ಬೀಳ್ತವೆ. ಐದು ಬೀಳ್ತವೆ, ನಿಲ್ಲುತ್ತೆ. ಮತ್ತೆ ಐದು, ಮತ್ತೆ ನಿಲ್ಲುತ್ತೆ. ಹಾಕೋ ಕೈ ಚಿಕ್ಕದು, ಎಣಿಕೆ ಇನ್ನೂ ಸರಿಯಾಗಿ ಬರಲ್ಲ ಅನ್ಸುತ್ತೆ. ಎಂಟನೇ ಸಲ ಒಂದು ಗುಂಡಿ ಡಬ್ಬಿಗೆ ಬೀಳಲ್ಲ. ನೆಲಕ್ಕೆ ಬಿದ್ದು ಉರುಳಿಕೊಂಡು ಹೋಗುತ್ತೆ. ತುಂಬ ದೂರ.”

ಅಂಗಡಿಯಾಕೆ ಪೆಟ್ಟಿಗೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು. “ಮಂಚದ ಕೆಳಗೆ ಹೋಯ್ತು ಅದು” ಎಂದಳು. “ನೀಲಿ ಗುಂಡಿ. ನಾನು ಅಳೋಕೆ ಶುರು ಮಾಡಿದೆ. ಅಕ್ಕ ಹೊಟ್ಟೆ ಮೇಲೆ ಮಲಗಿ ತೆಗೆದುಕೊಟ್ಲು. ಪೆಟ್ಟಿಗೆ ತೆರೆದಾಗೆಲ್ಲ ಅವಳ ಕಣ್ಣಿಂದ ನನ್ನನ್ನೇ ನೋಡ್ತಿದ್ದೆ. ನಾನು ಅಷ್ಟು ಮುದ್ದಾಗಿದ್ದೆ ಅಂತ ನನಗೆ ಗೊತ್ತೇ ಇರ್ಲಿಲ್ಲ.”

ಮಾಮನಿಗೆ ತುಟಿ ಅಷ್ಟೂ ಓದಲಾಗಲಿಲ್ಲ. ಆಕೆ ಪೆಟ್ಟಿಗೆಗೆ ಹಣೆ ಹಚ್ಚಿಕೊಂಡಿದ್ದಳು. ತಿರುಗಿ ನೋಡಿದರೆ ಹಿಂದೆ ದೊಡ್ಡ ಮೇಡಂ ನಿಂತಿದ್ದರು. ಕೈಯಲ್ಲಿ ದೊಡ್ಡ ಪುಸ್ತಕ. ಅದರಲ್ಲಿ ಈ ಪೆಟ್ಟಿಗೆಯ ಮುಂದೆ ‘ಡಬ್ಬಿಗೆ ಗುಂಡಿ ಬೀಳುವ ಸದ್ದು’ ಎಂದಷ್ಟೇ ಇತ್ತು. ಐದರ ಲೆಕ್ಕವೂ ಇರಲಿಲ್ಲ, ಉರುಳಿದ ಗುಂಡಿಯೂ ಇರಲಿಲ್ಲ.

“ಎಷ್ಟು ವರ್ಷದಿಂದ?” ಎಂದರು ದೊಡ್ಡ ಮೇಡಂ.

“ಹದಿನೇಳು ಹದಿನೆಂಟು ಆಯ್ತು ಮೇಡಂ.”

“ನನಗೆ ಯಾಕೆ ಹೇಳ್ಲಿಲ್ಲ?”

“ಕೆಲಸ ಹೋಗುತ್ತೆ ಅಂತ.”

“ಮತ್ತೆ ಈಗ?”

ಮಾಮ ಅಂಗಡಿಯಾಕೆಯ ಕಡೆ ಕೈ ತೋರಿಸಿದರು. “ಇವರು ನಾಲ್ಕು ದಿನದಿಂದ ಸ್ಟೂಲಲ್ಲಿ ಕೂತಿದ್ದಾರಲ್ಲ” ಎಂದರು. “ಆ ಸ್ಟೂಲಿಗೆ ಒಂದು ಕಾಲು ಗಿಡ್ಡ.”

ದೊಡ್ಡ ಮೇಡಂ ನಗಲಿಲ್ಲ. ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡು, ಮೇಲಿನವರಿಗೆ ಮೂರು ಪುಟದ ಕಾಗದ ಬರೆದರು. ನಡೆದದ್ದನ್ನು ನಡೆದ ಹಾಗೆ ಬರೆದು, ನೇಮಕದ ಪತ್ರದ ಆ ಸಾಲನ್ನೂ ಎತ್ತಿ ಬರೆದು, ಕೊನೆಗೆ ‘ಈ ನೌಕರನನ್ನು ಬಿಟ್ಟರೆ ನನಗೆ ಬೇರೆ ಗತಿಯಿಲ್ಲ’ ಎಂದು ಸೇರಿಸಿದರು. ಆ ಮೂರು ದಿನ ಮಾಮನ ಮನೆಯಲ್ಲಿ ಯಾರಿಗೂ ಸರಿಯಾಗಿ ಊಟ ಸೇರಲಿಲ್ಲ. ಆಗ ಹದಿನೆಂಟರ ಪ್ರಾಯಕ್ಕೆ ಬಂದಿದ್ದ ಮಗಳು ಮಾತ್ರ ಅಪ್ಪನ ಗಲ್ಲ ತಿರುಗಿಸಿಕೊಂಡು, “ಕೆಲಸ ಹೋದ್ರೆ ಹೋಗ್ಲಿ ಬಿಡಪ್ಪ. ಮನೇಲಿ ಕೂತು ನನ್ನ ಮಾತು ಕೇಳು. ಅದೂ ಫುಲ್ ಟೈಮ್ ಕೆಲಸಾನೇ” ಎಂದಳು.

ಉತ್ತರ ಬಂತು. ಎರಡೇ ಸಾಲು: ‘ಯಾವ ರೀತಿಯಲ್ಲೂ ಎಂದು ಬರೆದದ್ದು ಕಿವಿಯನ್ನು ಕುರಿತು. ಅಂಗೈ ಕುರಿತು ನಮ್ಮಲ್ಲಿ ನಿಯಮವಿಲ್ಲ, ಕೆಲಸ ಮುಗಿಸಿ.’

ದೊಡ್ಡ ಮೇಡಂ ಅದನ್ನು ಮಾಮನ ಮುಂದೆ ಹಿಡಿದರು. ಮಾಮ ಓದಿ, ಇನ್ನೊಮ್ಮೆ ಓದಿ, ಅಲ್ಲೇ ಮೆಟ್ಟಿಲ ಮೇಲೆ ಕೂತುಬಿಟ್ಟರು.

ಕೆಲಸಕ್ಕೆ ಹದಿನಾಲ್ಕು ತಿಂಗಳು ಹಿಡಿಯಿತು. ಮೂರನೆಯ ಕೋಣೆಯಲ್ಲಿ ಒಂದು ಮೇಜು, ಎರಡು ಕುರ್ಚಿ. ಒಂದರಲ್ಲಿ ಮಾಮ, ಎದುರಿಗೆ ಹೆಂಡತಿ, ಅವಳ ಮುಂದೆ ದೊಡ್ಡ ಪುಸ್ತಕ. ಮಾಮ ಪೆಟ್ಟಿಗೆ ಹಿಡಿದು, ಕಣ್ಣು ಮುಚ್ಚಿ, ತಮಗೆ ತಿಳಿದಂತೆ ಹೇಳುತ್ತಿದ್ದರು. ಹನ್ನೊಂದನೆಯ ವಯಸ್ಸಿನಿಂದ ಲೋಕದ ಸದ್ದನ್ನೇ ಕೇಳದವರ ವರ್ಣನೆ ಅದು. “ಒದ್ದೆ ಬಟ್ಟೆ ಒದರಿದ ಹಾಗಿದೆ, ಆದ್ರೆ ಬಟ್ಟೆಗೆ ಜೀವ ಇದೆ.” ಹೆಂಡತಿ ಪುಟ ತಿರುವಿ, “ಪಾರಿವಾಳ ಹಾರಿದ್ದು” ಎನ್ನುತ್ತಿದ್ದಳು. “ಮುಳ್ಳಿನ ಚೆಂಡು ಮೆಟ್ಟಿಲಿಳೀತಿದೆ.” ಆಕೆ ಯೋಚಿಸಿ, ಹುಡುಕಿ, “ನಿವೃತ್ತ ಮೇಷ್ಟರದು. ಕೆಮ್ಮು. ಅವರಪ್ಪನ ಕೆಮ್ಮಂತೆ.” ಇಪ್ಪತ್ತು ವರ್ಷ ಜೊತೆಗೆ ಬಾಳಿದ ಹೆಂಡತಿಯಲ್ಲದೆ ಬೇರೆ ಗುಮಾಸ್ತರಿಗೆ ಆ ಭಾಷೆ ಅರ್ಥವಾಗುತ್ತಿರಲಿಲ್ಲ.

ತಪ್ಪುಗಳೂ ಆದವು. ಒಬ್ಬ ಗಡಿಯಾರ ರಿಪೇರಿಯವನ ಮನೆಯವರಿಗೆ ‘ಅಳು’ ಎಂದು ಹೇಳಿ ಕೊಟ್ಟ ಪೆಟ್ಟಿಗೆಯಿಂದ ನಗು ಬಂದು, ಅವನ ಮಕ್ಕಳು ಜಗಳಕ್ಕೇ ಬಂದರು. ಕೊನೆಗೆ ಅವರ ತಾಯಿ ಪೂರ್ತಿ ಕೇಳಿ, ಇದು ನನ್ನದೇ ನಗು, ನಕ್ಕು ನಕ್ಕು ಕೊನೆಗೆ ಅತ್ತಿದ್ದೆ, ನಿಮ್ಮಪ್ಪ ಅವತ್ತು ಅಂಗಿ ತಿರುಗಾಮುರುಗಾ ಹಾಕ್ಕೊಂಡು ಹೆಣ್ಣು ನೋಡೋಕೆ ಬಂದಿದ್ರು ಎಂದು ತೀರ್ಪು ಕೊಟ್ಟಳು.

ಇನ್ನೊಂದು ಪೆಟ್ಟಿಗೆ ಒಬ್ಬ ದಾದಿಯದು. ಪುಸ್ತಕದಲ್ಲಿ ಅದರ ಮುಂದೆ ‘ಸದ್ದಿಲ್ಲ’ ಎಂದಿತ್ತು. ಅದನ್ನು ಮೊದಲು ಕೇಳಿದ ಹಳೆಯ ಗುಮಾಸ್ತ ಪೆಟ್ಟಿಗೆಯೇ ಕೆಟ್ಟಿದೆ ಎಂದುಕೊಂಡಿದ್ದ. ಮನೆಯವರೂ ಒಂದು ಸಲ ತೆರೆದು, ಏನೂ ಕೇಳದೆ, ಕಿಟಕಿಯ ಪರದೆ ಮಾತ್ರ ಕಂಡಿತು ಎಂದು ಬೇಸರದಿಂದ ಮರಳಿದ್ದರು. ಮಾಮ ಅದನ್ನು ತುಂಬ ಹೊತ್ತು ಹಿಡಿದು ಕೂತರು.

“ಖಾಲಿ ಅಲ್ಲ ಇದು” ಎಂದರು. “ಉಸಿರು. ಒಬ್ಬರದಲ್ಲ, ಹದಿನೈದಿಪ್ಪತ್ತು ಜನರದು. ಎಲ್ಲರೂ ಮಲಗಿದ್ದಾರೆ.”

ದಾದಿಯ ಮಗ, ಅವನಿಗೂ ಅರವತ್ತು ದಾಟಿತ್ತು, ಸುದ್ದಿ ಕೇಳಿ ಬಂದ. ಈ ಸಲ ಕೋಣೆಯ ಬಾಗಿಲು ಕಿಟಕಿ ಭದ್ರವಾಗಿ ಮುಚ್ಚಿ, ಅಲುಗಾಡದೆ ಕೂತು ಕೇಳಿದ. ಹೊರಗೆ ಬಂದು ಮಾಮನ ಕೈ ಹಿಡಿದುಕೊಂಡ. “ಅಮ್ಮ ಹೇಳ್ತಿದ್ಲು. ಊರಿಗೆಲ್ಲ ಕಾಯಿಲೆ ಬಂದಿದ್ದ ವರ್ಷ, ಒಂದು ಮಧ್ಯಾಹ್ನ ವಾರ್ಡಲ್ಲಿ ಎಲ್ಲರಿಗೂ ಒಟ್ಟಿಗೆ ನಿದ್ದೆ ಬಂತು, ಯಾರೂ ನರಳಲಿಲ್ಲ ಅಂತ. ಅದನ್ನ ಒಂದು ದೊಡ್ಡ ಸಂಗತಿ ಅಂತ ನಾವ್ಯಾರೂ ಕಿವಿಗೆ ಹಾಕ್ಕೊಂಡಿರ್ಲಿಲ್ಲ.”

ಎಲ್ಲ ಮುಗಿದಾಗ ನಲವತ್ತೊಂದು ಪೆಟ್ಟಿಗೆ ಉಳಿದವು. ಎಷ್ಟು ಹಿಡಿದರೂ ಮಾಮನಿಗೆ ಅವು ಪುಸ್ತಕದ ಯಾವ ಸಾಲಿಗೂ ಕೂಡಲಿಲ್ಲ. ಮೇಲಿನವರ ಮೊದಲಿನ ಕಾಗದದ ಪ್ರಕಾರ ಅವನ್ನು ಮೇಲಕ್ಕೆ ಕಳಿಸಲೇಬೇಕಿತ್ತು. ಮಾಮ ತಾವೇ ಲಿಫ್ಟಿನಲ್ಲಿ ಜೋಡಿಸಿದರು. ಬಾಗಿಲು ಮುಚ್ಚಿದ ಮೇಲೆ ಸರಳಿಗೆ ಕೈಯಿಟ್ಟು, ಲಿಫ್ಟಿನ ನಡುಕ ಪೂರ್ತಿ ನಿಲ್ಲುವವರೆಗೆ ಅಲ್ಲೇ ನಿಂತರು. ಆ ವಾರವಿಡೀ ಹೆಂಡತಿ ಅವರನ್ನು ಕರೆಯಲು ನೆಲ ಕುಟ್ಟದೆ ಹತ್ತಿರ ಬಂದು ಭುಜ ಮುಟ್ಟುತ್ತಿದ್ದಳು.

ಗುಂಡಿ ಅಂಗಡಿಯಾಕೆ ಮಾರನೆಯ ವರ್ಷ ಅಕ್ಕ ಹೋದ ದಿನ ಬಂದಳು. ಈ ಸಲ ತೊಡೆಯ ಮೇಲಿಟ್ಟುಕೊಂಡು ಕೂರಲಿಲ್ಲ. “ಅಣ್ಣಾ, ನೀವೂ ಹಿಡ್ಕೊಳ್ಳಿ, ಇವತ್ತು ತೆರೆದುಬಿಡ್ತೀನಿ” ಎಂದಳು. ಮಾಮ ಕೆಳಗಿನಿಂದ ಪೆಟ್ಟಿಗೆಯನ್ನು ಹಿಡಿದರು, ಆಕೆ ಮುಚ್ಚಳ ತೆರೆದಳು. ಒಬ್ಬರು ಕೇಳಿದರು, ಒಬ್ಬರು ಮುಟ್ಟಿದರು. ಖಾಲಿಯಾದ ಪೆಟ್ಟಿಗೆಯನ್ನು ಆಕೆ ಕೇಳಿ ಪಡೆದು ಮನೆಗೆ ಒಯ್ದಳು. ಈಗ ಅದರಲ್ಲಿ ಜೋಡಿ ಸಿಗದ ಗುಂಡಿಗಳನ್ನು ಹಾಕಿಡುತ್ತಾಳೆ.

ಮಾಮನಿಗೆ ಆಮೇಲೆ ಗಾಡಿ ತಳ್ಳುವ ಕೆಲಸ ತಪ್ಪಿ, ಮುಟ್ಟುವ ವಿಭಾಗ ಎಂದೇ ಒಂದು ಹೊಸ ವಿಭಾಗವಾಯಿತು. ಚೀಟಿ ಬರೆಯಲು ಇನ್ನು ಮೊದಲ ಸಲದ ತೆರೆಯುವಿಕೆ ಬೇಕಿರಲಿಲ್ಲ. ಏಳಕ್ಕೆ ಏಳೂ ಮನೆಯವರಿಗೇ ಸಿಕ್ಕವು. ಊರಿಗೆ ಅದೊಂದು ದೊಡ್ಡ ಉಪಕಾರ. ಕಿವಿ ಕೇಳದ ನಾಲ್ವರನ್ನು, ಇಬ್ಬರು ಗಂಡಸರು ಇಬ್ಬರು ಹೆಂಗಸರು, ಮೇಡಂ ಕರೆಸಿ ಮಾಮನ ಕೈಕೆಳಗೆ ಹಾಕಿದರು. ಐವತ್ತೆಂಟರ ಹೊತ್ತಿಗೆ ಮಾಮನ ಅಂಗೈ ಚರ್ಮ ದಪ್ಪವಾಗಿ ಸಣ್ಣ ನಡುಕಗಳು ತಪ್ಪಿಹೋಗತೊಡಗಿದವು. ಅದನ್ನು ಮೊದಲು ಗಮನಿಸಿದ್ದು ಅವರೇ, ಹೇಳಿದ್ದೂ ಅವರೇ. “ಒಂದು ಸಲ ಕಿವುಡಾಗಿ ಅಭ್ಯಾಸ ಇದೆ” ಎಂದು ಹೇಳಿ, ಕುರ್ಚಿಯನ್ನು ಆ ನಾಲ್ವರಲ್ಲಿ ಕಿರಿಯವಳಿಗೆ ಬಿಟ್ಟುಕೊಟ್ಟು ನಿವೃತ್ತರಾದರು.

ಈಗ ಗಂಡ ಹೆಂಡತಿ ಬಸ್ ಡಿಪೋದ ಪಕ್ಕದ ಮೊದಲ ಮಹಡಿಯ ಮನೆಯಲ್ಲಿದ್ದಾರೆ. ಬೆಳಿಗ್ಗೆಯಿಂದ ಎಂಜಿನ್‌ಗಳ ಗದ್ದಲವಾದ್ದರಿಂದ ಆ ಮನೆಗೆ ಬೇರೆ ಯಾರೂ ಬರಲೊಪ್ಪಿರಲಿಲ್ಲ. ಹೆಂಡತಿಯ ಕಿವಿ ವಯಸ್ಸಿನಿಂದ ಮಂದವಾಗಿ, ಆಕೆಗೆ ಅದು ಹಿಂಸೆ ಅನಿಸುವುದಿಲ್ಲ. ಮಾಮನಿಗೆ ಮಂಚ, ಕಿಟಕಿ, ಕಾಫಿ ಲೋಟ ಎಲ್ಲ ನಡುಗುವುದೇ ಒಂದು ಸುಖ. ಅಷ್ಟು ದೊಡ್ಡ ನಡುಕ ದಪ್ಪ ಚರ್ಮಕ್ಕೂ ತಿಳಿಯುತ್ತದೆ. ಹೋದ ತಿಂಗಳು ಅವರು ಕೆಳಗಿಳಿದು ಹೋಗಿ, ನಾಲ್ಕನೆಯ ಸಾಲಿನ ಹಳೆಯ ಬಸ್ಸಿನ ಎಂಜಿನ್ನು ಒಂದು ಕಡೆ ಸಡಿಲವಾಗಿದೆ ಎಂದರು. ಡಿಪೋದ ಮೆಕ್ಯಾನಿಕ್ ನಕ್ಕ. ಬಾನೆಟ್ ಎತ್ತಿ ನೋಡಿದ ಮೇಲೆ ನಗು ನಿಲ್ಲಿಸಿದ. ಅಂದಿನಿಂದ ಯಾವುದಾದರೂ ಬಸ್ಸು ಹಟ ಹಿಡಿದರೆ ಅವನು ಕೆಳಗೆ ನಿಂತು ಕೈ ಬೀಸುತ್ತಾನೆ. ಮಾಮ ಲುಂಗಿ ಬಿಟ್ಟು ಪ್ಯಾಂಟು ಹಾಕಿಕೊಳ್ಳುತ್ತಾರೆ.

“ಹೋಗೋದೇನೋ ಹೋಗಿ” ಎಂದು ಹೆಂಡತಿ ಬಾ​ಗಿಲಲ್ಲಿ ನಿಂತು, ಅವರ ಮುಖ ನೋಡಿ ಹೇಳುತ್ತಾಳೆ. “ಆ ಗ್ರೀಸು ಕೈಯನ್ನ ಗೋಡೆಗೆ ಹಚ್ಬೇಡಿ. ಬರ್ತಾ ಸೋಪು ತನ್ನಿ.”